ಗಾಜಿನ ಭಟ್ಟಿಯ ಭಾವ

ನಾನು ಅವರನ್ನು ಮೊದಲು ಕಂಡಾಗ ಅವರು ನನಗೆ ಬೆನ್ನು ಮಾಡಿ ನಿಂತಿದ್ದರು. ಆ ಬೆನ್ನನ್ನು ಬಹಳ ಹೊತ್ತು ನೋಡಬೇಕಾಯಿತು, ಏಕೆಂದರೆ ಭಟ್ಟಿಯ ಸದ್ದಿನಲ್ಲಿ ನಾನು ಕರೆದದ್ದು ಅವರಿಗೆ ಕೇಳಿಸಲಿಲ್ಲ. ಅಂಗಿಯ ಮೇಲೆ ಬೆವರು ಒಣಗಿ ಉಪ್ಪಿನ ಬಿಳಿ ಗೆರೆಗಳು ಮೂಡಿದ್ದವು, ನೀರು ಇಳಿದ ಕೆರೆಯ ಅಂಚಿನಲ್ಲಿ ಇರುತ್ತವಲ್ಲ, ಹಾಗೆ. ಸೊಂಟಕ್ಕೆ ಗೋಣಿತಟ್ಟು ಸುತ್ತಿಕೊಂಡಿದ್ದರು. ಎಡಗಾಲಿನ ಬೂಟಿಗೆ ಲೇಸು ಇತ್ತು, ಬಲಗಾಲಿನದಕ್ಕೆ ಕರೆಂಟಿನ ವೈರು. ಇಟ್ಟಿಗೆ ಗೋಡೆಯಲ್ಲಿ ಅಂಗೈಯಗಲದ ತೂತು. ಅದರ ಮುಂದೆ ಒಂದು ನೀಲಿ ಗಾಜಿನ ಚೂರು ಹಿಡಿದು, ಒಂದು ಕಣ್ಣು ಮುಚ್ಚಿ, ಒಳಗೆ ಯಾರೋ ಮಲಗಿದ್ದಾರೋ ಎದ್ದಿದ್ದಾರೋ ಎಂದು ನೋಡುವವರಂತೆ ನೋಡುತ್ತಿದ್ದರು. ಬಲಗೈಯಲ್ಲಿ ಅವರಿಗಿಂತ ಉದ್ದದ ಕಬ್ಬಿಣದ ಸಲಾಕೆ.

ನನ್ನ ಕೈಯಲ್ಲಿ ಸರಕಾರದ ಆದೇಶವಿತ್ತು. ಕಾರ್ಮಿಕ ಇಲಾಖೆಗೆ ನಾನು ಸೇರಿ ಹೆಚ್ಚು ದಿನ ಆಗಿರಲಿಲ್ಲ. ಹೊಲದ ಕೆಲಸ ಬಿಟ್ಟು ಕುರ್ಚಿಯ ಕೆಲಸಕ್ಕೆ ಬಂದವನು ನಮ್ಮ ಮನೆಯಲ್ಲಿ ನಾನೇ ಮೊದಲು. ಆದರೆ ಕಚೇರಿಯಲ್ಲಿ ನನ್ನ ಕುರ್ಚಿ ಇನ್ನೂ ಮಂಜೂರಾಗಿರಲಿಲ್ಲವಾದ್ದರಿಂದ ಹೊರಗಿನ ಕೆಲಸಗಳೆಲ್ಲ ನನ್ನ ಪಾಲಿಗೆ ಬರುತ್ತಿದ್ದವು. ಆ ದಿನದ ಕೆಲಸ ಬಾಟಲಿ ಕಾರ್ಖಾನೆಗೆ ಹೋಗಿ ಆದೇಶ ತಲುಪಿಸುವುದು. ಕಾರ್ಖಾನೆಯಲ್ಲಿ ಔಷಧದ ಬಾಟಲಿಗಳು ಆಗುವುದರಿಂದ ಅದು ಅತ್ಯವಶ್ಯಕ ಸೇವೆ, ಮುಷ್ಕರ ಹೂಡುವಂತಿಲ್ಲ, ಎಲ್ಲರೂ ಕೂಡಲೇ ಕೆಲಸಕ್ಕೆ ಮರಳಬೇಕು, ತಪ್ಪಿದರೆ ಬಂಧನ ಎಂದು ಅದರಲ್ಲಿ ಬರೆದಿತ್ತು. ಗೇಟಿಗೆ ಒಂದು ಪ್ರತಿ ಅಂಟಿಸಿದೆ. ಹೊರಗೆ ಕೂತಿದ್ದ ಮುಷ್ಕರದವರಲ್ಲಿ ಒಬ್ಬಾತ ಅದನ್ನು ಗಟ್ಟಿಯಾಗಿ ಓದಿದ, ಉಳಿದವರು ಚಪ್ಪಾಳೆ ತಟ್ಟಿದರು. ಒಳಗೆ ಇರುವವರಿಗೂ ಒಂದು ಕೊಟ್ಟು ಸಹಿ ಹಾಕಿಸಿಕೊಂಡು ಬಾ ಎಂದು ನನ್ನ ಸಾಹೇಬರು ಹೇಳಿದ್ದರು. ಒಳಗೆ ಇದ್ದವರು ಇವರೊಬ್ಬರೇ.

ಕೊನೆಗೆ ಅವರು ತಿರುಗಿದರು.

"ಏನಿದು?"

"ಸರ್ಕಾರದ ಆದೇಶ. ಎಲ್ಲರೂ ಕೆಲಸಕ್ಕೆ ಬರಬೇಕು ಅಂತ."

"ನಾನು ಇಲ್ಲೇ ಇದೀನಲ್ಲ ಸ್ವಾಮಿ."

"ಹಾಗಾದ್ರೆ ನೀವು ಮುಷ್ಕರದಲ್ಲಿ ಇಲ್ಲ ಅಂತ ಆಯ್ತು."

"ಮುಷ್ಕರದಲ್ಲೂ ಇದೀನಿ."

ನಾನು ಕಾಗದವನ್ನೊಮ್ಮೆ ನೋಡಿದೆ. ಇದಕ್ಕೆ ಅದರಲ್ಲಿ ಉತ್ತರವಿರಲಿಲ್ಲ.

"ಗಾಜು ತೆಗೆದ್ರೆ ಅದು ಕೆಲಸ," ಎಂದು ಅವರೇ ಬಿಡಿಸಿ ಹೇಳಿದರು. "ಒಳಗಿರೋ ಗಾಜು ಗಟ್ಟಿಯಾಗದ ಹಾಗೆ ಕಾಯೋದು ಕೆಲಸ ಅಲ್ಲ. ಗಟ್ಟಿಯಾದ್ರೆ ಭಟ್ಟಿ ಬಿರುಕು ಬಿಡುತ್ತೆ. ಬಿಟ್ರೆ ಹೊಸದು ಕಟ್ಟಬೇಕು. ಕಟ್ತಾರೋ, ಬೀಗ ಹಾಕ್ಕೊಂಡು ಹೋಗ್ತಾರೋ, ಯಾರಿಗೆ ಗೊತ್ತು? ಮುಷ್ಕರ ಮುಗಿದ ಮೇಲೆ ವಾಪಸ್ ಬರೋಕೆ ಒಂದು ಜಾಗ ಬೇಡ್ವಾ? ಅದಕ್ಕೇ ಸಂಘದವರೇ ನನ್ನನ್ನೂ ಇನ್ನೊಬ್ಬನನ್ನೂ ಸರದಿ ಮೇಲೆ ಕಾಯೋಕೆ ಬಿಟ್ಟಿರೋದು. ಮನೇಲಿ ಜಗಳ ಮಾಡ್ಕೊಂಡು ಊಟ ಬಿಟ್ಟವರು ಒಲೆ ಒಡೆದು ಹಾಕ್ತಾರಾ?"

ಸಹಿ ಹಾಕಲು ಅವರಿಗೆ ಕೈ ಬಿಡುವಾಗಲಿ ಎಂದು ನಾನು ಸಲಾಕೆ ಹಿಡಿದುಕೊಳ್ಳಲು ಕೈ ಚಾಚಿದೆ. ಅವರು ಅದನ್ನು ಥಟ್ಟನೆ ಹಿಂದಕ್ಕೆ ಎಳೆದುಕೊಂಡರು.

"ಹುಷಾರು. ತಗೊಂಡ್ರೆ ಪಾಳಿ ನಿಮ್ದಾಗುತ್ತೆ. ನಾನು ಮನೆಗೆ ಹೋಗ್ತೀನಿ."

ಅದು ಅವರಲ್ಲಿ ಹಿಂದಿನಿಂದ ಬಂದ ಪದ್ಧತಿ. ಪಾಳಿ ಬದಲಾಗುವಾಗ ಹೋಗುವವನು ಬರುವವನ ಕೈಗೆ ಸಲಾಕೆ ಕೊಡುತ್ತಾನೆ. ಕೊಡುವವನು "ಬಿಸಿ ಇದೆ" ಎನ್ನಬೇಕು. ತೆಗೆದುಕೊಳ್ಳುವವನು "ಇರಲಿ ಬಿಡು" ಎನ್ನಬೇಕು. ಅಷ್ಟಾದರೆ ಭಟ್ಟಿ ಅವನದು. ಗಂಟೆ ಹೊಡೆದರೂ ಹೊಡೆಯದಿದ್ದರೂ ಸರಿ. ನಡುವೆ ಸಲಾಕೆಯನ್ನು ಗೋಡೆಗೆ ಒರಗಿಸಬಹುದು, ಕೊಕ್ಕೆಗೆ ತೂಗುಹಾಕಬಹುದು. ಮನುಷ್ಯನ ಕೈಗೆ ಮಾತ್ರ ಕೊಡಬಾರದು. ನನಗೆ ಇದು ಕೂಡಲೇ ಅರ್ಥವಾಯಿತು. ಕಾಲುವೆಯ ನೀರನ್ನು ಸರದಿಯಲ್ಲಿ ಗದ್ದೆಗೆ ಹಾಯಿಸುವ ಕಡೆಯಲ್ಲೂ ಗುದ್ದಲಿ ಕೈ ಬದಲಾಗುವವರೆಗೆ ಯಾರೂ ಬದು ಬಿಟ್ಟು ಹೋಗುವುದಿಲ್ಲ. ಅವರು ಸಲಾಕೆಯನ್ನು ಕೊಕ್ಕೆಗೆ ಹಾಕಿ, ಗೋಣಿತಟ್ಟಿಗೆ ಕೈ ಒರೆಸಿಕೊಂಡು, ಆದೇಶಕ್ಕೆ ಸಹಿ ಮಾಡಿದರು. ಸಹಿಯ ಮೇಲೆ ಹೆಬ್ಬೆರಳಿನ ಮಸಿಯೂ ಬಿತ್ತು. ಎರಡೂ ಇರಲಿ ಎಂದರು.

ಕಾರ್ಖಾನೆಯಲ್ಲಿ ಎಲ್ಲರೂ ಅವರನ್ನು ಭಾವ ಎಂದೇ ಕರೆಯುತ್ತಿದ್ದರು. ಸಂಘದ ಕಾರ್ಯದರ್ಶಿ ಅವರ ಹೆಂಡತಿಯ ತಮ್ಮ. ಅವನು ಭಾವ ಎಂದು ಕರೆಯುವುದನ್ನು ಕೇಳಿ ಕೇಳಿ ಗೇಟಿನ ಕಾವಲುಗಾರನಿಗೂ ಅವರು ಭಾವನೇ ಆದರು. ಅವರಿಗಿಂತ ಹಿರಿಯರೂ ಹಾಗೇ ಕರೆಯುತ್ತಿದ್ದರು. ಹೆಂಡತಿ ಅದೇ ಕಾರ್ಖಾನೆಯ ಪ್ಯಾಕಿಂಗ್ ವಿಭಾಗದಲ್ಲಿ ಬಾಟಲಿಗಳಿಗೆ ಹುಲ್ಲು ಸುತ್ತಿ ಪೆಟ್ಟಿಗೆಗೆ ತುಂಬುವವರು. ಮುಷ್ಕರಕ್ಕೆ ಕಾರಣ ಎರಡು. ಪ್ಯಾಕಿಂಗ್ ಹೆಣ್ಣುಮಕ್ಕಳನ್ನೆಲ್ಲ ಕಾಯಂ ಕೆಲಸದಿಂದ ತೆಗೆದು ಗುತ್ತಿಗೆಗೆ ಹಾಕಿದ್ದರು. ಭಟ್ಟಿಗೆ ಪಾಳಿಗೆ ಇಬ್ಬರಿದ್ದ ಕಡೆ ಒಬ್ಬರನ್ನು ಮಾಡಿದ್ದರು. ಹಾಗಾಗಿ ಗಂಡ ಹೆಂಡತಿ ಇಬ್ಬರಿಗೂ ಮುಷ್ಕರದಲ್ಲಿ ಒಂದೊಂದು ಬೇಡಿಕೆ ಇತ್ತು.

ಸರಕಾರ ಮೊದಲು ಎರಡೂ ಕಡೆಯವರನ್ನು ಮಾತುಕತೆಗೆ ಕರೆದಿತ್ತು. ಮುಷ್ಕರದವರೊಂದಿಗೆ ಒಂದೇ ಮೇಜಿಗೆ ಕೂರುವುದಿಲ್ಲ ಎಂದು ಕಾರ್ಖಾನೆಯ ಮ್ಯಾನೇಜರು ಬರಲಿಲ್ಲ. ಕರೆದರೂ ಬಾರದವರನ್ನು ಏನು ಮಾಡುವುದೆಂದು ನಿಯಮದಲ್ಲಿ ಇರಲಿಲ್ಲ. ಬಂದು ಕೂತವರನ್ನು ಏನು ಮಾಡಬಹುದೆಂದು ಇತ್ತು. ಆದ್ದರಿಂದ ಆದೇಶ ಹೊರಟಿತು.

ಆದೇಶದ ಮೇಲೆ ಪೊಲೀಸರು ಬಂದರು. ಅವರು ಮೊದಲು ಹಿಡಿದದ್ದು ಮೀಸೆಯನ್ನು. ಮೀಸೆ ಎಂದರೆ ಭಾವನ ಜೊತೆ ಸರದಿಯಲ್ಲಿ ಭಟ್ಟಿ ಕಾಯುತ್ತಿದ್ದ ಇನ್ನೊಬ್ಬ. ಮಧ್ಯಾಹ್ನ ತನ್ನ ಪಾಳಿಗೆಂದು ಊಟದ ಡಬ್ಬಿ ಹಿಡಿದುಕೊಂಡು ಗೇಟಿನ ಕಡೆ ನಡೆದು ಬರುತ್ತಿದ್ದ. ಗೇಟಿನ ಹತ್ತಿರ ಗುಂಪು ಸೇರುವಂತಿರಲಿಲ್ಲ. ಅವನು ಒಬ್ಬನೇ ಬಂದರೂ ಕೂತಿದ್ದವರ ನಡುವೆ ಹಾದು ಬಂದದ್ದರಿಂದ ಗುಂಪಿನವನಾದ. ಕೆಲಸಕ್ಕೆ ಬಾರದವರನ್ನು ಹಿಡಿಯುವ ಆದೇಶದಲ್ಲಿ, ಇಡೀ ಕಾರ್ಖಾನೆಯಲ್ಲಿ ಒಳಗೆ ಹೋಗಲು ಬರುತ್ತಿದ್ದ ಒಬ್ಬನೇ ಮನುಷ್ಯನನ್ನು ಹಿಡಿದು ಜೀಪಿಗೆ ಹತ್ತಿಸಿದರು. ಡಬ್ಬಿಯನ್ನೂ ವಶಪಡಿಸಿಕೊಂಡರು.

ಒಳಗೆ ಭಾವ ಸಲಾಕೆ ಹಿಡಿದು ಕಾದರು. ಯಾರೂ ಬರಲಿಲ್ಲ.

ಎಷ್ಟು ಜನ ಕೆಲಸಕ್ಕೆ ಮರಳಿದರೆಂದು ದಿನವೂ ನೋಡಿ ಬರುವುದೂ ನನ್ನ ಪಾಲಿಗೇ ಬಂತು. ಮರುದಿನ ನಾನು ಹೋದಾಗ ಅವರು ತಲೆಕೆಳಗು ಮಾಡಿದ ಪೆಟ್ಟಿಗೆಯ ಮೇಲೆ ಕೂತು, ಭಟ್ಟಿಯ ಕಡೆಗೆ ಒಂದು ಕೆನ್ನೆ ಕೊಟ್ಟು ತೂಕಡಿಸುತ್ತಿದ್ದರು. ಮಲಗುವುದು ಹೀಗೆಯೇ ಅಂತೆ. ಕೆನ್ನೆಗೆ ಕಾವು ಕಡಿಮೆಯಾದರೆ ಎಚ್ಚರವಾಗುತ್ತದೆ, ಎದ್ದು ಎಣ್ಣೆಯ ಉರಿ ಹೆಚ್ಚಿಸುವುದು. ಆ ಕೆನ್ನೆ ಇನ್ನೊಂದಕ್ಕಿಂತ ಕಪ್ಪಗಿತ್ತು.

"ಮನೆಗೆ ಹೋಗಿ ಸ್ವಲ್ಪ ಮಲಗಿ ಬನ್ನಿ," ಎಂದೆ.

"ಕೊಡೋಕೆ ಯಾರಿದಾರೆ?"

ಅದೇ ದಿನ ವಾರ್ತಾ ಇಲಾಖೆಯಿಂದ ಒಬ್ಬ ಫೋಟೋಗ್ರಾಫರ್ ಬಂದ. ಭಾವನಿಗೆ ಹೇಳಿ ತೆಗೆದನೋ ಹೇಳದೆ ತೆಗೆದನೋ, ನಾನಿರಲಿಲ್ಲ. ಮಾರನೆಯ ಬೆಳಿಗ್ಗೆ ಎಲ್ಲ ಪತ್ರಿಕೆಗಳಲ್ಲೂ ಭಾವ ಇದ್ದರು. ಸಲಾಕೆ, ಗೋಣಿತಟ್ಟು, ಹಿಂದೆ ಬೆಂಕಿ. ಕೆಳಗೆ "ಮುಷ್ಕರ ಧಿಕ್ಕರಿಸಿದ ಕರ್ತವ್ಯನಿಷ್ಠ. ಕಾರ್ಖಾನೆ ಎಂದಿನಂತೆ ಚಾಲನೆಯಲ್ಲಿ."

ಮಧ್ಯಾಹ್ನ ಮನೆಯಿಂದ ಡಬ್ಬಿ ಬಂತು. ಕಾವಲುಗಾರ ತಂದು ಕೊಟ್ಟ. ಭಾವ ಕೈ ತೊಳೆದು, ಮುಚ್ಚಳ ತೆಗೆದರು. ಒಳಗೆ ಆ ದಿನದ ಪೇಪರು ಮಡಿಸಿ ಇಟ್ಟಿತ್ತು. ಬೇರೇನೂ ಇರಲಿಲ್ಲ. ಅವರು ಅದನ್ನು ಬಿಡಿಸಿ ಓದಿದರು, ಮತ್ತೆ ಮಡಿಸಿದರು, ಮುಚ್ಚಳ ಹಾಕಿದರು.

"ಏನಂತೆ ಮನೇಲಿ?" ಎಂದು ಕೇಳಿದೆ.

"ಎಲ್ಲಾ ಆರಾಮಾಗಿದಾರೆ."

ಸಂಜೆ ಕಾಂಪೌಂಡಿನ ಆಚೆಯಿಂದ ಭಾವಮೈದನ ದನಿ ಕೇಳಿಸಿತು. ಘೋಷಣೆ ಕೂಗಿ ಪಳಗಿದ ಗಂಟಲು, ಗೋಡೆ ಅಡ್ಡ ಬರಲಿಲ್ಲ.

"ಭಾವಾ! ಫೋಟೋ ಚೆನ್ನಾಗಿ ಬಂದಿದೆ! ಫ್ರೇಮ್ ಹಾಕಿಸಿ ಮನೇಲಿ ನೇತುಹಾಕ್ತಾಳಂತೆ ಅಕ್ಕ!"

"ಫೋಟೋನೋ, ನನ್ನನ್ನೋ?" ಎಂದು ಭಾವ ಒಳಗಿನಿಂದ ಕೂಗಿದರು.

"ಎರಡೂ! ಹೊರಗೆ ಬನ್ನಿ ಭಾವ. ಇನ್ನು ನಿಮ್ಮನ್ನ ಅಲ್ಲಿ ಬಿಟ್ರೆ ನಾನು ಇವರಿಗೆ ಮುಖ ತೋರಿಸೋ ಹಾಗಿಲ್ಲ. ಸಂಘದವರು ಬಿಟ್ಟಿರೋದು ಅಂದ್ರೆ ಯಾರೂ ನಂಬ್ತಿಲ್ಲ."

"ಬಂದ್ರೆ ಭಟ್ಟಿ?"

"ಅದೇ ಗೊತ್ತಾಗ್ತಿಲ್ಲ," ಎಂದ ಭಾವಮೈದ, ಮೊದಲಿಗಿಂತ ಮೆಲ್ಲಗೆ. ಆದರೂ ಕೇಳಿಸಿತು.

ಭಾವ ಅಲ್ಲೇ ಉಳಿದರೆ ಸರಕಾರದ ಕೈಗೊಂಬೆ, ಹೊರಟರೆ ಭಟ್ಟಿ ಒಡೆದು ಎಲ್ಲರ ಅನ್ನಕ್ಕೆ ಕಲ್ಲು. ಅವರು ಪೆಟ್ಟಿಗೆಯ ಮೇಲೆ ಕೂತು ಎರಡನ್ನೂ ಯೋಚಿಸಿದರೆಂದು ಕಾಣುತ್ತದೆ.

ಫೋಟೋ ಸರಕಾರಕ್ಕೆ ಬಹಳ ಇಷ್ಟವಾಯಿತು. ಕಾರ್ಮಿಕ ಸಚಿವರೇ ಬಂದು ಭಾವನಿಗೆ ಪ್ರಶಸ್ತಿ ಪತ್ರ ಕೊಡುವುದೆಂದು ತೀರ್ಮಾನವಾಯಿತು. ಭಟ್ಟಿಯ ಮುಂದಿನ ನೆಲವನ್ನು ನೀರು ಹಾಕಿ ತೊಳೆಸುವ ಜವಾಬ್ದಾರಿ ನನ್ನದು. ನೀರು ಹಾಕಿದ ಕೂಡಲೇ ಆವಿಯಾಗಿ ಹೋಗುತ್ತಿತ್ತು, ಆದರೂ ಹಾಕಿದೆ.

ಮರುದಿನ ಬೆಳಿಗ್ಗೆಯೇ ಸಚಿವರು ಬಂದರು. ಹಿಂದೆ ಅವರ ಕಾರ್ಯದರ್ಶಿ, ನಮ್ಮ ಇಲಾಖೆಯ ಆಯುಕ್ತರು, ನನ್ನ ಸಾಹೇಬರು, ಪೊಲೀಸ್ ಅಧಿಕಾರಿ, ಕಾರ್ಖಾನೆಯ ಮ್ಯಾನೇಜರು, ಪತ್ರಿಕೆಯವರು. ಸಚಿವರು ದಪ್ಪ ಮನುಷ್ಯರು, ಕರ್ಚೀಫನ್ನು ಕೈಯಲ್ಲೇ ಹಿಡಿದುಕೊಂಡಿದ್ದರು. ಪ್ರಶಸ್ತಿ ಪತ್ರ ಕೊಟ್ಟರು. ಭಾವ ಎಡಗೈಯಲ್ಲಿ ತೆಗೆದುಕೊಂಡರು. ಬಲಗೈಯಲ್ಲಿ ಸಲಾಕೆ ಇತ್ತು. ಫೋಟೋಗ್ರಾಫರನಿಗೆ ಅದು ಹಿಡಿಸಲಿಲ್ಲ.

"ಸಾರ್, ತಾವು ಆ ರಾಡ್ ಕೈಲಿ ಹಿಡ್ಕೊಂಡ್ರೆ ಚೆನ್ನಾಗಿರುತ್ತೆ. ದುಡಿಯೋ ಸರ್ಕಾರ ಅಂತ ಬರುತ್ತೆ."

"ಎಲ್ಲಿ, ಕೊಡಪ್ಪ ಇಲ್ಲಿ," ಎಂದರು ಸಚಿವರು.

ಭಾವ ಸಲಾಕೆಯನ್ನು ನೋಡಿದರು. ನನ್ನ ಕಡೆ ನೋಡಿದರು. ಆಮೇಲೆ ಪತ್ರವನ್ನು ಪೆಟ್ಟಿಗೆಯ ಮೇಲಿಟ್ಟು, ಸಲಾಕೆಯನ್ನು ಎರಡೂ ಕೈಯಲ್ಲಿ ಹಿಡಿದು ಮುಂದೆ ಚಾಚಿದರು.

"ಬಿಸಿ ಇದೆ ಸಾರ್."

"ಇರಲಿ ಬಿಡಪ್ಪ," ಎಂದರು ಸಚಿವರು, ಮತ್ತು ತೆಗೆದುಕೊಂಡರು.

ಕ್ಯಾಮೆರಾಗಳು ಮಿಂಚಿದವು. ಭಾವ ಗೋಣಿತಟ್ಟು ಬಿಚ್ಚಿ ಕೊಕ್ಕೆಗೆ ಹಾಕಿದರು, ಡಬ್ಬಿ ಎತ್ತಿಕೊಂಡರು, ಪ್ರಶಸ್ತಿ ಪತ್ರವನ್ನು ಸುರುಳಿ ಮಾಡಿ ಕಂಕುಳಲ್ಲಿ ಇಟ್ಟುಕೊಂಡರು. ನನ್ನ ಪಕ್ಕದಲ್ಲಿ ಹಾದು ಹೋಗುವಾಗ, "ಹಳದಿ ಇರೋವರೆಗೂ ಭಯ ಇಲ್ಲ. ಕೆಂಪಿಗೆ ತಿರುಗಿದ್ರೆ ಹೇಳಿ ಕಳಿಸಿ. ಎದುರುಗಡೆ ಟೀ ಅಂಗಡೀಲಿ ಇರ್ತೀನಿ," ಎಂದು ಮೆಲ್ಲಗೆ ಹೇಳಿ ಹೊರಟುಹೋದರು.

ಫೋಟೋ ಮುಗಿಯಿತು. ಸಚಿವರು ಸಲಾಕೆಯನ್ನು ವಾಪಸು ಕೊಡಲು ನೋಡಿದರೆ ತೆಗೆದುಕೊಳ್ಳುವವರಿಲ್ಲ.

"ಎಲ್ಲಿ ಅವನು?"

ನಾನು ಮುಂದೆ ಬಂದು ಹೇಳಿದೆ. "ಹೋದರು ಸಾರ್. ಅವರ ಪಾಳಿ ಮುಗೀತಂತೆ."

"ಈಗ ಯಾರ ಪಾಳಿ?"

"ತಮ್ಮದು ಸಾರ್."

ಪದ್ಧತಿಯನ್ನು ವಿವರಿಸಿದೆ. ಸಚಿವರು ಸಲಾಕೆಯನ್ನು ನೋಡಿದರು, ತಮ್ಮ ಕಾರ್ಯದರ್ಶಿಗೆ ಕೊಟ್ಟರು. ಕಾರ್ಯದರ್ಶಿಗಳು ಸ್ವಲ್ಪ ಹೊತ್ತು ಹಿಡಿದುಕೊಂಡು ಮ್ಯಾನೇಜರ ಕಡೆ ಚಾಚಿದರು. ಮ್ಯಾನೇಜರು ಎರಡು ಹೆಜ್ಜೆ ಹಿಂದೆ ಸರಿದು, ಆದೇಶ ಹೊರಟ ದಿನದಿಂದ ಭಟ್ಟಿಯ ಹೊಣೆ ಸರಕಾರದ್ದೇ ಎಂದು ತಾವು ತಿಳಿದಿರುವುದಾಗಿ ಹೇಳಿದರು. ಸಲಾಕೆ ಆಯುಕ್ತರಿಗೆ ಹೋಯಿತು. ಆಯುಕ್ತರು ನನ್ನ ಸಾಹೇಬರಿಗೆ ಕೊಟ್ಟರು. ಸಾಹೇಬರು ನನಗೆ ಕೊಟ್ಟರು. ಸರಕಾರದಲ್ಲಿ ನನ್ನ ಕೆಳಗೆ ಯಾರೂ ಇರಲಿಲ್ಲ.

ನಾನು ನೀಲಿ ಗಾಜು ಹಿಡಿದು ತೂತಿನಲ್ಲಿ ನೋಡಿದೆ. ಹಳದಿ ಇತ್ತು.

"ಇದು ಆರಿದ್ರೆ ಏನಾಗುತ್ತೆ?" ಎಂದು ಸಚಿವರು ಕೇಳಿದರು. ಭಟ್ಟಿ ಬಿರುಕು ಬಿಡುತ್ತದೆ, ವರ್ಷಗಟ್ಟಲೆ ಬಾಟಲಿ ಇಲ್ಲ ಎಂದರು ಮ್ಯಾನೇಜರು. ಔಷಧಕ್ಕೆ ಬಾಟಲಿ ಇಲ್ಲದಿದ್ದರೆ ಯಾರನ್ನು ಕೇಳುತ್ತಾರೆಂದು ಸಚಿವರಿಗೆ ಹೇಳಬೇಕಾಗಿರಲಿಲ್ಲ.

"ಬೇರೆ ಭಟ್ಟಿಯವನು ಇಲ್ವಾ?"

"ಒಬ್ಬ ಇದ್ದಾನೆ ಸಾರ್," ಎಂದರು ಪೊಲೀಸ್ ಅಧಿಕಾರಿ. "ನಮ್ಮ ಲಾಕಪ್ಪಿನಲ್ಲಿ."

ಮೀಸೆಯನ್ನು ಜೀಪಿನಲ್ಲಿ ಕರೆತಂದರು. ನಾನು ಸಲಾಕೆ ಚಾಚಿ "ಬಿಸಿ ಇದೆ" ಎಂದೆ. ಅವನು ಕೈಗಳನ್ನು ಹಿಂದೆ ಕಟ್ಟಿಕೊಂಡ.

"ನಾನು ಮುಷ್ಕರದಲ್ಲಿ ಇದೀನಿ ಅಂತ ಇವರೇ ಬರ್ಕೊಂಡಿದಾರೆ ಸಾರ್. ನಾನು ಎಷ್ಟು ಹೇಳಿದ್ರೂ ಕೇಳಲಿಲ್ಲ. ಈಗ ಸರ್ಕಾರ ಬರೆದಿದ್ದನ್ನ ನಾನು ಸುಳ್ಳು ಮಾಡೋಕಾಗುತ್ತಾ? ಸಂಘದ ಕಾರ್ಯದರ್ಶೀನ ಕರೆಸಿ. ಅವನು ಹೇಳಿದ್ರೆ ಹಿಡೀತೀನಿ. ಆಮೇಲೆ ನನ್ನ ಡಬ್ಬಿ?"

ಹೀಗಾಗಿ ಭಾವಮೈದನನ್ನು ಗೇಟಿನಿಂದ ಒಳಗೆ ಕರೆಸಬೇಕಾಯಿತು. ಅವನು ಬಂದು ನನ್ನ ಕೈಯಲ್ಲಿದ್ದ ಸಲಾಕೆ ನೋಡಿದ, ಸಚಿವರ ಬೆವರು ನೋಡಿದ. ಜೇಬಿನಿಂದ ಬೇಡಿಕೆಗಳನ್ನು ಬರೆದ ಹಾಳೆ ತೆಗೆದ. ಒಂದೇ ಮೇಜಿಗೆ ಕೂರುವುದಿಲ್ಲ ಎಂದಿದ್ದ ಮ್ಯಾನೇಜರಿಗೂ ತೊಂದರೆಯಾಗಲಿಲ್ಲ, ಏಕೆಂದರೆ ಅಲ್ಲಿ ಮೇಜು ಇರಲಿಲ್ಲ. ಎಲ್ಲರೂ ನಿಂತೇ ಮಾತನಾಡಿದರು. ಕಚೇರಿಗೆ ಹೋಗೋಣವೇ ಎಂದು ಆಯುಕ್ತರು ಎರಡು ಸಲ ಕೇಳಿದರು. ಭಾವಮೈದ, "ಇಲ್ಲೇ ಬೆಚ್ಚಗಿದೆ ಸಾರ್," ಎಂದ.

ಮಾತು ನಿಂತಾಗಲೆಲ್ಲ ನಾನು ತೂತಿನಲ್ಲಿ ನೋಡುತ್ತಿದ್ದೆ. ಅದು ನನ್ನ ಪಾಳಿಯ ಕೆಲಸ. ನೋಡಿದ್ದನ್ನು ಹೇಳುತ್ತಿದ್ದೆ. ಹಳದಿ ಸಾರ್. ಹಳದಿ ಸಾರ್. ಮಧ್ಯಾಹ್ನದ ಮೇಲೆ, "ಅಂಚಿನಲ್ಲಿ ಕೆಂಪು ಕಾಣ್ತಿದೆ ಸಾರ್," ಎಂದೆ. ಕಂಡದ್ದೇ ಹೇಳಿದ್ದು. ಅಂಚಷ್ಟೇ ಆದ್ದರಿಂದ ಟೀ ಅಂಗಡಿಗೆ ಹೇಳಿ ಕಳಿಸಲಿಲ್ಲ. ಆಗ ಸಚಿವರು ಮ್ಯಾನೇಜರ ಕಡೆ ತಿರುಗಿ, "ಇಲ್ಲಿ ಒಬ್ಬನೇ ನಿಲ್ಲೋಕಾಗುತ್ತೇನ್ರೀ? ನೀವೊಂದು ಪಾಳಿ ನಿಂತು ತೋರಿಸಿ!" ಎಂದು ಗದರಿಸಿದರು. ಭಟ್ಟಿಗೆ ಎರಡನೆಯ ಆಳು ಆ ಕ್ಷಣದಲ್ಲೇ ಸಿಕ್ಕಿತು. ಹಿಡಿದವರನ್ನು ಬಿಡುವುದು, ಯಾರ ಮೇಲೂ ಕ್ರಮ ಇಲ್ಲ ಎನ್ನುವುದು, ಇವೂ ಬೇಗ ಆದವು. ಪ್ಯಾಕಿಂಗ್ ಹೆಣ್ಣುಮಕ್ಕಳ ವಿಷಯಕ್ಕೆ ಬಂದಾಗ ಮ್ಯಾನೇಜರು ಒಪ್ಪಲಿಲ್ಲ. ಭಾವಮೈದನೂ ಬಿಡಲಿಲ್ಲ. ಕೆಂಪು ಅಂಚಿನಿಂದ ಒಳಕ್ಕೆ ಬರತೊಡಗಿತ್ತು. ಕೊನೆಗೆ ಅದಕ್ಕೊಂದು ಸಮಿತಿ ಮಾಡೋಣ ಎಂದು ಆಯುಕ್ತರು ಹೇಳಿದರು. ಭಾವಮೈದ ಭಟ್ಟಿಯ ಕಡೆ ನೋಡಿ ಸಹಿ ಹಾಕಿದ.

"ನಾನು ಹಿಡೀಲಾ?" ಎಂದ ಮೀಸೆ.

"ನೀನು ಮೊದಲು ಊಟ ಮಾಡು," ಎಂದ ಭಾವಮೈದ. "ಇದು ಭಾವ ಬಿಟ್ಟುಹೋದ ಪಾಳಿ. ಅವರೇ ಬರ್ಲಿ. ಎಲ್ಲರೂ ನೋಡ್ಲಿ."

ಭಾವನನ್ನು ಕರೆಯಲು ಅವನೇ ಹೋದ. ಅಲ್ಲಿ ನಡೆದದ್ದನ್ನು ಆಮೇಲೆ ನನಗೆ ಹೇಳಿದ. ಭಾವ ಟೀ ಅಂಗಡಿಯ ಬೆಂಚಿನಲ್ಲಿ ಚಿಮಣಿ ಕಾಣುವ ಹಾಗೆ ಕೂತಿದ್ದರು. ಪಕ್ಕದಲ್ಲಿ ಯಾರೂ ಕೂತಿರಲಿಲ್ಲ. ಸಲಾಕೆ ಸಚಿವರ ಕೈಗೆ ಹೋದ ಸುದ್ದಿ ಗೇಟಿಗೆ ತಲುಪಿದ ಮೇಲೆ ಒಬ್ಬೊಬ್ಬರಾಗಿ ಬಂದು ಕೂತು, ಬೆಂಚಿನಲ್ಲಿ ಜಾಗ ಉಳಿಯದೆ ಭಾವ ತುದಿಗೆ ಸರಿದಿದ್ದರು.

"ಭಾವ, ಬನ್ನಿ. ಸಹಿ ಆಯ್ತು."

"ಎರಡನೇ ಆಳು?"

"ಸಿಕ್ತು."

"ನಿಮ್ಮಕ್ಕನ ಕಡೆಯವರದ್ದು?"

"ಕಮಿಟಿ."

"ಕಮಿಟಿ," ಎಂದು ಭಾವ ಲೋಟದಲ್ಲಿ ಉಳಿದದ್ದನ್ನು ಕುಡಿದರು. "ಅದನ್ನ ಮನೇಲಿ ನೀನೇ ಹೇಳಪ್ಪ. ನಡಿ, ಹೊಗೆ ತೆಳ್ಳಗಾಗಿದೆ."

ಅವರು ಒಳಗೆ ಬಂದು ಗೋಣಿತಟ್ಟು ಕಟ್ಟಿಕೊಂಡರು. ನನ್ನ ಕೈಗಳು ಸಲಾಕೆಗೆ ಅಂಟಿಕೊಂಡಂತಿದ್ದವು. ಕೊಟ್ಟೆ.

"ಬಿಸಿ ಇದೆ," ಎಂದೆ.

"ಇರಲಿ ಬಿಡಿ," ಎಂದರು. ತೂತಿನಲ್ಲಿ ನೋಡಿ, ಎಣ್ಣೆಯ ಉರಿ ಹೆಚ್ಚಿಸಿ, ಬಹಳ ಹೊತ್ತಿನ ಮೇಲೆ, "ಪರವಾಗಿಲ್ಲ, ಬದುಕಿದೆ," ಎಂದರು. ನನ್ನ ವಿಷಯವಲ್ಲ, ಭಟ್ಟಿಯ ವಿಷಯ.

ಮರುದಿನ ಡಬ್ಬಿಯಲ್ಲಿ ಊಟ ಬಂತು. ಪೇಪರೂ ಬಂತು, ಆದರೆ ಡಬ್ಬಿಯ ಹೊರಗೆ ಸುತ್ತಿಕೊಂಡು. ಅದರಲ್ಲಿ ಸಲಾಕೆ ಹಿಡಿದ ಸಚಿವರು ನಗುತ್ತಿದ್ದರು. ಊಟ ಹೇಗಿತ್ತೆಂದು ಕೇಳಿದೆ. "ಉಪ್ಪು ಕಡಿಮೆ. ಕಮಿಟಿ ಸಿಟ್ಟು ಇನ್ನೂ ಇದೆ," ಎಂದರು.

ಕ್ರಮ ಇಲ್ಲ ಎಂದು ಒಪ್ಪಿದ್ದರೂ ಮ್ಯಾನೇಜರು ಭಾವನಿಗೆ ನೋಟಿಸು ಕೊಟ್ಟರು. ಮುಷ್ಕರಕ್ಕಾಗಿ ಅಲ್ಲ, ಪಾಳಿಯನ್ನು ಯಾರಿಗೂ ವಹಿಸದೆ ಹೊರಟುಹೋದದ್ದಕ್ಕಾಗಿ. ಭಾವ ಉತ್ತರ ಹೇಳಿದರು, ಭಾವಮೈದ ಬರೆದ. ಪಾಳಿಯನ್ನು ಪದ್ಧತಿಯಂತೆ ಕೈಯಿಂದ ಕೈಗೆ ವಹಿಸಿದ್ದೇನೆ, ಪಡೆದವರು ಕಾರ್ಮಿಕ ಸಚಿವರು, ಸಾಕ್ಷಿಗೆ ಆ ದಿನದ ಎಲ್ಲ ಪತ್ರಿಕೆಗಳು. ವಿಚಾರಣೆಗೆ ಸಚಿವರನ್ನು ಕರೆಸಬೇಕಾದ್ದರಿಂದ ದಿನ ಗೊತ್ತು ಮಾಡಲು ಕಡತ ನಮ್ಮ ಇಲಾಖೆಗೆ ಬಂತು. ಆಮೇಲೆ ಸಚಿವರು ಬದಲಾದರು. ಈಗಿನವರಿಗೆ ಆ ಪಾಳಿಯ ವಿಷಯ ಗೊತ್ತಿಲ್ಲ. ಕಡತ ಇಲ್ಲೇ ಇದೆ.

ನನಗೆ ಕುರ್ಚಿ ಬಂದಿದೆ. ಸಮಿತಿ ಇನ್ನೂ ಕೂತಿದೆ. ಅದು ಕೂರುವ ದಿನಗಳಲ್ಲಿ ಭಾವನ ಹೆಂಡತಿ ಪ್ಯಾಕಿಂಗ್‌ನ ಹೆಣ್ಣುಮಕ್ಕಳನ್ನು ಕರೆದುಕೊಂಡು ಬಂದು ನಮ್ಮ ಕಚೇರಿಯ ಹೊರಗಿನ ಬೆಂಚಿನಲ್ಲಿ ಕೂರುತ್ತಾರೆ. ಒಳಗಿನವರು ಎದ್ದು ಹೋಗುವವರೆಗೆ ಏಳುವುದಿಲ್ಲ. ಪ್ರಶಸ್ತಿ ಪತ್ರ ಅವರ ಮನೆಯಲ್ಲಿ ನೀರಿನ ಕೊಡದ ಮೇಲೆ ಮುಚ್ಚಳವಾಗಿದೆ. ಗಟ್ಟಿ ಕಾಗದ, ನೆನೆಯುವುದಿಲ್ಲ ಎನ್ನುತ್ತಾರೆ.

ಭಾವ ಈಗ ಅದೇ ಭಟ್ಟಿಯಲ್ಲಿ ಬೆಳಗಿನ ಪಾಳಿ ಮಾಡುತ್ತಾರೆ. ಜೊತೆಗೆ ಎರಡನೆಯ ಆಳು ಇದ್ದಾನೆ. ಬೆಳಿಗ್ಗೆ ಮೀಸೆಯ ಕೈಯಿಂದ ಸಲಾಕೆ ತೆಗೆದುಕೊಳ್ಳುತ್ತಾರೆ, ಪಾಳಿ ಮುಗಿದಾಗ ಮುಂದಿನವನ ಕೈಗೆ ಕೊಟ್ಟು ಮನೆಗೆ ಹೋಗುತ್ತಾರೆ.